ನವ್ರೋಜ್ ಕಾಂಟ್ರಾಕ್ಟರ್: ನಿಪ್ಪಾಣಿಯನ್ನು ಕಂಡ ಕ್ಯಾಮೆರಾ

ಮಣಿ ಕೌಲ್ ನಿರ್ದೇಶನದ ‘ದುವಿಧಾ’ (1973) ಚಿತ್ರದಲ್ಲಿ ರಾಜಸ್ಥಾನದ ಬಿಳಿ ಗೋಡೆಗಳನ್ನೂ ವಧುವಿನ ಕೆಂಪು ಉಡುಗೆಯನ್ನೂ ವರ್ಣಚಿತ್ರದ ನಿಶ್ಚಲತೆಯಲ್ಲಿ ಹಿಡಿದ ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್, ಮುಂದೆ ಬೆಂಗಳೂರಿನಲ್ಲಿ ನೆಲೆಸಿ, ದೀಪಾ ಧನರಾಜ್ ಮೊದಲಾದವರೊಡನೆ ‘ಯುಗಾಂತರ್’ ಎಂಬ ಚಲನಚಿತ್ರ ಬಳಗವನ್ನು ಕಟ್ಟಿದರು.

ಆ ಬಳಗವು 1982ರಲ್ಲಿ ನಿಪ್ಪಾಣಿಯ ತಂಬಾಕು ಕಾರ್ಮಿಕ ಮಹಿಳೆಯರ ಸಂಘಟನೆಯನ್ನು ಕುರಿತು ಚಿತ್ರ ಮಾಡಿದಾಗ, 16 ಎಂ.ಎಂ., ಅಂದರೆ ಕಿರಿದಾದ ಫಿಲ್ಮ್ ಬಳಸುವ ಹಗುರ ಕ್ಯಾಮೆರಾ, ತಂಬಾಕಿನ ದೂಳಿನ ನಡುವೆ ದುಡಿಯುವ ಕೈಗಳ ಹತ್ತಿರಕ್ಕೇ ಹೋಯಿತು.

ಕುಟುಂಬ ಯೋಜನೆಯ ಶಸ್ತ್ರಚಿಕಿತ್ಸಾ ಶಿಬಿರಗಳನ್ನು ತೋರಿಸುವ ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಚಿತ್ರಕ್ಕೂ ನವ್ರೋಜ್ ಅವರದೇ ಛಾಯಾಗ್ರಹಣ.

ಹೆಸರು ತಂದದ್ದು ‘ದುವಿಧಾ’. ಆದರೆ ಅವರ ಕಣ್ಣಿನ ನಿಜವಾದ ಪರೀಕ್ಷೆ ನಡೆದದ್ದು, ಬೆಳಕನ್ನು ತಮಗೆ ಬೇಕಾದಂತೆ ಹೊಂದಿಸಿಕೊಳ್ಳಲಾಗದ ಇಂಥ ಕಡೆಗಳಲ್ಲಿಯೇ.