ಮೂಕಚಿತ್ರಗಳ ತವರು: ಗೋದಾವರಿ ತೀರದ ನಾಸಿಕ್

ಭಾರತೀಯ ಚಲನಚಿತ್ರದ ಹುಟ್ಟೂರು ಯಾವುದೆಂದು ಕೇಳಿದರೆ ಮುಂಬಯಿ ಎಂಬ ಉತ್ತರ ಸಹಜವಾಗಿ ಬರುತ್ತದೆ. ಧುಂಡಿರಾಜ ಗೋವಿಂದ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ 1913ರ ಮೇ 3ರಂದು ಸಾರ್ವಜನಿಕ ಪ್ರದರ್ಶನ ಕಂಡದ್ದು ಆ ನಗರದಲ್ಲಿಯೇ. ಆದರೆ ಆ ಪ್ರಯೋಗವು ಉದ್ಯಮವಾಗಿ ಬೆಳೆದದ್ದು ನಾಸಿಕ್ ಎಂಬ ಯಾತ್ರಾಸ್ಥಳದಲ್ಲಿ ಎಂಬುದು ಇಂದು ಅನೇಕರ ನೆನಪಿನಲ್ಲಿಲ್ಲ.

ಸಮೀಪದ ತ್ರ್ಯಂಬಕೇಶ್ವರದಲ್ಲಿ 1870ರಲ್ಲಿ ಜನಿಸಿದ ಫಾಲ್ಕೆಯವರು 1913ರಲ್ಲಿಯೇ ತಮ್ಮ ಕಾರ್ಯಕ್ಷೇತ್ರವನ್ನು ನಾಸಿಕ್‌ಗೆ ಬದಲಿಸಿದರು. ಚಿತ್ರೀಕರಣಕ್ಕೆ ಸೂರ್ಯನ ಬೆಳಕೇ ಆಧಾರವಾಗಿದ್ದ ಕಾಲವದು. ನದಿಯ ದಡ, ಹಳೆಯ ದೇಗುಲಗಳು, ಸುತ್ತಣ ಬೆಟ್ಟಗಳು ಪುರಾಣಕಥೆಗಳಿಗೆ ಒಪ್ಪುವ ಪರಿಸರವಾಗಿದ್ದವು. ಇಲ್ಲಿ ಮೊದಲು ಸಿದ್ಧವಾದ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಅಭಿನಯಿಸಿದರು. ಸ್ತ್ರೀಪಾತ್ರವನ್ನು ಗಂಡಸರೇ ವಹಿಸುತ್ತಿದ್ದ ದಿನಗಳಲ್ಲಿ ಇದು ದಿಟ್ಟ ಹೆಜ್ಜೆ. ಆ ರೂಢಿ ಕೂಡಲೇ ಅಳಿಯಲಿಲ್ಲ. 1917ರ ‘ಲಂಕಾ ದಹನ’ದಲ್ಲಿ ಅಣ್ಣಾ ಸಾಳುಂಕೆಯವರೇ ರಾಮನೂ ಸೀತೆಯೂ ಆದರು.

ಚಿತ್ರನಿರ್ಮಾಣವು ಆಗ ಬಹುಮಟ್ಟಿಗೆ ಮನೆಮಂದಿಯ ದುಡಿಮೆ. ಫಿಲ್ಮಿನ ಅಂಚಿಗೆ ರಂಧ್ರ ಕೊರೆಯುವುದು, ಅದನ್ನು ಸಂಸ್ಕರಿಸುವುದು ಮುಂತಾದ ಕೆಲಸಗಳನ್ನು ಪತ್ನಿ ಸರಸ್ವತೀಬಾಯಿಯವರು ಕಲಿತಿದ್ದರು. 1918ರಲ್ಲಿ ಮುಂಬಯಿಯ ಉದ್ಯಮಿಗಳ ಪಾಲುದಾರಿಕೆಯಲ್ಲಿ ‘ಹಿಂದೂಸ್ತಾನ್ ಸಿನಿಮಾ ಫಿಲ್ಮ್ಸ್ ಕಂಪನಿ’ ಸ್ಥಾಪನೆಯಾಯಿತು. ಮರುವರ್ಷದ ‘ಕಾಲಿಯಾ ಮರ್ದನ’ದಲ್ಲಿ ಬಾಲಕೃಷ್ಣನ ಪಾತ್ರ ವಹಿಸಿದವಳು ಅವರ ಪುಟ್ಟ ಮಗಳು ಮಂದಾಕಿನಿ. ಮೂಕಚಿತ್ರಕ್ಕೆ ಭಾಷೆಯ ಗಡಿಯಿರಲಿಲ್ಲ. ನಡುನಡುವೆ ಬರುವ ಬರಹದ ಫಲಕಗಳನ್ನು ಬದಲಿಸಿದರೆ ಅದು ಯಾವ ಪ್ರಾಂತಕ್ಕೂ ಸಲ್ಲುತ್ತಿತ್ತು.

1931ರಲ್ಲಿ ‘ಆಲಂ ಆರಾ’ದೊಡನೆ ವಾಕ್ಚಿತ್ರ ಬಂದಿತು. ನಾಸಿಕ್‌ನ ಕಂಪನಿಯ ಕಾರ್ಯ ಕೆಲಕಾಲದಲ್ಲೇ ನಿಂತಿತು. ಫಾಲ್ಕೆಯವರು 1944ರ ಫೆಬ್ರವರಿ 16ರಂದು ಅದೇ ಊರಿನಲ್ಲಿ ನಿಧನರಾದರು. ಅವರ ಹೆಸರಿನ ಪ್ರಶಸ್ತಿ 1969ರಲ್ಲಿ ಆರಂಭವಾಯಿತು. 1995ರ ಸಾಲಿನಲ್ಲಿ ಅದು ಕನ್ನಡದ ಡಾ. ರಾಜಕುಮಾರ್ ಅವರಿಗೆ ಸಂದಿತು. ನಾಸಿಕ್‌ನ ಪಾಂಡವಲೇಣಿ ಗುಹೆಗಳ ತಪ್ಪಲಿನಲ್ಲಿ ಅವರ ಸ್ಮಾರಕವೂ ಇದೆ.

ಆದರೆ ಚಿತ್ರಗಳೆಲ್ಲಿ? ಅಂದಿನ ನೈಟ್ರೇಟ್ ಫಿಲ್ಮ್ ಬೇಗನೆ ಬೆಂಕಿ ಹಿಡಿಯುವಂಥದು, ಕಾಲಕ್ರಮದಲ್ಲಿ ತಾನಾಗಿ ಶಿಥಿಲವಾಗುವಂಥದು. ಅದರಲ್ಲಿನ ಬೆಳ್ಳಿಗಾಗಿಯೂ ಎಷ್ಟೋ ಸುರುಳಿಗಳು ನಾಶವಾದವು. ದೇಶದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಚಿತ್ರಗಳಲ್ಲಿ ಪೂರ್ಣವಾಗಿಯೋ ಭಾಗಶಃವೋ ಉಳಿದವು ತೀರ ಕಡಿಮೆ. ‘ಕಾಲಿಯಾ ಮರ್ದನ’ದ ಬಹುಭಾಗ ಉಳಿದಿರುವುದು ನಮ್ಮ ಭಾಗ್ಯ. 1964ರಲ್ಲಿ ಪುಣೆಯಲ್ಲಿ ಸ್ಥಾಪಿತವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ಇಂತಹ ಅಳಿದುಳಿದ ಸಂಪತ್ತನ್ನು ಕಾಯ್ದುಕೊಂಡು ಬಂದಿದೆ. ಹಳೆಯ ಮನೆಯ ಅಟ್ಟದಲ್ಲಿ, ಮುಚ್ಚಿದ ಚಿತ್ರಮಂದಿರದ ಮೂಲೆಯಲ್ಲಿ ಫಿಲ್ಮ್ ಸುರುಳಿ ಕಂಡುಬಂದರೆ ಅದನ್ನು ಗುಜರಿಗೆ ಹಾಕದೆ, ಬೆಂಕಿ ಮತ್ತು ಬಿಸಿಲಿನಿಂದ ದೂರವಿರಿಸಿ, ಸಂಗ್ರಹಾಲಯಕ್ಕೆ ತಿಳಿಸುವುದು ನಾಗರಿಕರೆಲ್ಲರ ಕರ್ತವ್ಯ. ಕಳೆದುಹೋಯಿತೆಂದು ಭಾವಿಸಿದ ಚಿತ್ರವೊಂದು ಅದರಲ್ಲಿ ಇದ್ದೀತು.