ನಗಿಸುವ ಗಂಟಲಿಗೂ ವಿಶ್ರಾಂತಿ ಬೇಡವೇ?

ಬಂದಳಿಕೆಯಂಥ ಊರಿನಲ್ಲಿ ಗಣೇಶೋತ್ಸವದ ಕಾರ್ಯಕ್ರಮ ಎಂದಿಟ್ಟುಕೊಳ್ಳಿ. ನಿಮ್ಮ ಮಗನೇ ನಿರೂಪಕ. ಮೈಕು ಕೈಕೊಟ್ಟರೂ ಬಿಡದೆ ಮೂರು ತಾಸು ಕೂಗಿ, ಮಿಮಿಕ್ರಿ ಮಾಡಿ ಜನರನ್ನು ನಗಿಸಿದ. ಬೆಳಗ್ಗೆ ಎದ್ದರೆ ಸ್ವರವೇ ಇಲ್ಲ! ‘ಕಾಳುಮೆಣಸು, ಕಲ್ಲುಸಕ್ಕರೆ ಬಾಯಿಗೆ ಹಾಕಿಕೋ’ ಎನ್ನುತ್ತೀರಿ. ಒಂದು ದಿನದ ಕೂಗಾಟಕ್ಕೇ ಹೀಗಾದರೆ, ಮಾತನ್ನೇ ವೃತ್ತಿ ಮಾಡಿಕೊಂಡವರ ಗತಿಯೇನು?

ಸೃಜನ್ ಲೋಕೇಶ್ ಅವರನ್ನು ನೀವು ಬಲ್ಲಿರಿ. ಅವರ ತಾತ ಸುಬ್ಬಯ್ಯ ನಾಯ್ಡು ಕಂಪನಿ ನಾಟಕಗಳ ನಟರು. 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ ನಾಯಕರೂ ಆದರು. ತಂದೆ ಲೋಕೇಶ್, ತಾಯಿ ಗಿರಿಜಾ ಇಬ್ಬರೂ ಕಲಾವಿದರು. ಸೃಜನ್ ಸಿನಿಮಾದ ಜೊತೆಗೆ ಕಿರುತೆರೆಯ ನಿರೂಪಣೆಗೂ ಬಂದು, 2015ರಲ್ಲಿ ಆರಂಭವಾದ ‘ಮಜಾ ಟಾಕೀಸ್’ ಮೂಲಕ ಮನೆಮಾತಾದರು. ಅತಿಥಿಗಳನ್ನು ಮಾತನಾಡಿಸುವುದು, ಹಾಸ್ಯ ಪ್ರಸಂಗದಲ್ಲಿ ನಟಿಸುವುದು, ನಗುವಿನ ಗದ್ದಲದ ನಡುವೆಯೂ ಮಾತು ಕೇಳಿಸುವುದು ಅಲ್ಲಿ ನಿರೂಪಕನ ಕೆಲಸ. ರಂಗಭೂಮಿಯಿಂದ ಟೀವಿಯವರೆಗೆ ಮೂರು ತಲೆಮಾರಿನ ಬಂಡವಾಳ ಒಂದೇ: ಕಂಠ.

ಧ್ವನಿಪೆಟ್ಟಿಗೆಯಲ್ಲಿರುವುದು ಎರಡು ಪುಟ್ಟ ಧ್ವನಿತಂತುಗಳು. ಮಾತನಾಡುವಾಗ ಅವು ಗಂಡಸರಲ್ಲಿ ಸೆಕೆಂಡಿಗೆ ಸುಮಾರು 100ರಿಂದ 125 ಸಲ, ಹೆಂಗಸರಲ್ಲಿ ಸುಮಾರು 200 ಸಲ ಒಂದಕ್ಕೊಂದು ತಾಗಿ ಕಂಪಿಸುತ್ತವೆ. ಕೂಗಿದಾಗ ಈ ತಾಕಲಾಟ ಇನ್ನೂ ಜೋರು. ಮೊದಲು ಬಾವು, ಮುಂದುವರಿದರೆ ತಂತುಗಳ ಮೇಲೆ ಸಣ್ಣ ಗಂಟುಗಳು. ಹೊಲ ಗದ್ದೆಯಲ್ಲಿ ಕೂಲಿಯೆತ್ತುವ ಕೈ ಜಡ್ಡುಗಟ್ಟುವುದಿಲ್ಲವೇ, ಹಾಗೆಯೇ ಇದು. ಹಾಸ್ಯಗಾರರಿಗಷ್ಟೇ ಅಲ್ಲ, ಮೇಷ್ಟ್ರಿಗೂ, ಬಸ್ ಕಂಡಕ್ಟರಿಗೂ, ಸಂತೆಯಲ್ಲಿ ಕೂಗುವವರಿಗೂ ಇದು ಬರುತ್ತದೆ.

ಹಾಗಾದರೆ ಮಾಡಬೇಕಾದದ್ದೇನು?

ನಾವು ನುಂಗಿದ್ದು ಅನ್ನನಾಳಕ್ಕೆ ಹೋಗುತ್ತದೆ, ಧ್ವನಿತಂತುಗಳನ್ನು ಮುಟ್ಟುವುದಿಲ್ಲ. ಜೇನು, ಕಲ್ಲುಸಕ್ಕರೆಯಿಂದ ಗಂಟಲಿಗೆ ಹಿತ, ಅಷ್ಟೇ. ಬಿಸಿನೀರಿನ ಹಬೆಯ ತೇವ ಮಾತ್ರ ಅಲ್ಲಿಗೆ ತಲುಪುತ್ತದೆ. ದಿನವಿಡೀ ಆಗಾಗ ನೀರು ಕುಡಿಯಿರಿ. ಸ್ವರ ಬಿದ್ದಾಗ ಪಿಸುಮಾತೂ ಬೇಡ, ಅದರಿಂದಲೂ ಆಯಾಸವೇ. ಪದೇ ಪದೇ ಗಂಟಲು ಕೆರೆಯಬೇಡಿ. ರಾತ್ರಿ ಊಟವಾದ ಕೂಡಲೇ ಮಲಗಿದರೆ ಹೊಟ್ಟೆಯ ಆಮ್ಲ ಮೇಲೇರಿ ಧ್ವನಿ ಕೆಡಿಸಬಹುದು. ಗಂಟುಗಳಾಗಿದ್ದರೂ ಅನೇಕರಿಗೆ ಶಸ್ತ್ರಚಿಕಿತ್ಸೆಯೇ ಬೇಕಾಗದು. ಸರಿಯಾಗಿ ಧ್ವನಿ ಬಳಸುವ ತರಬೇತಿಯಿಂದ ಗುಣ ಕಾಣುತ್ತದೆ. 1965ರಲ್ಲಿ ಸ್ಥಾಪನೆಯಾದ ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಇಂಥ ಚಿಕಿತ್ಸೆ ಲಭ್ಯ.

ಒಂದು ಮಾತು ಮಾತ್ರ ಮರೆಯಬೇಡಿ. ಶೀತದಿಂದ ಒಡೆದ ಸ್ವರ ಒಂದೆರಡು ವಾರದಲ್ಲಿ ಸರಿಹೋಗಬೇಕು. ಮೂರು ವಾರವಾದರೂ ಹೋಗದಿದ್ದರೆ ಕಿವಿ, ಮೂಗು, ಗಂಟಲು ತಜ್ಞರಿಗೆ ತೋರಿಸಲೇಬೇಕು. ನುಂಗಲು ಕಷ್ಟ, ಕಫದಲ್ಲಿ ರಕ್ತ, ಕುತ್ತಿಗೆಯಲ್ಲಿ ಗಂಟು ಇದ್ದರೆ ಅಷ್ಟು ದಿನವೂ ಕಾಯಬಾರದು. ಉಸಿರಾಟವೇ ಕಷ್ಟವಾದರೆ ಆ ಕ್ಷಣವೇ ಆಸ್ಪತ್ರೆಗೆ ಹೋಗಿ. ಬೀಡಿ, ಸಿಗರೇಟು ಸೇದುವವರು, ಕವಳಕ್ಕೆ ತಂಬಾಕು ಸೇರಿಸುವವರು, ಮದ್ಯಪಾನಿಗಳು ಇನ್ನಷ್ಟು ಎಚ್ಚರದಿಂದಿರಬೇಕು. ಧ್ವನಿತಂತುವಿನ ಕ್ಯಾನ್ಸರಿನ ಮೊದಲ ಸೂಚನೆ ಬಹುಮಟ್ಟಿಗೆ ಸ್ವರ ಒಡೆಯುವುದೇ. ಬೇಗ ಪತ್ತೆಯಾದರೆ ಗುಣವಾಗುವ ಸಂಭವ ಹೆಚ್ಚು. ಎಷ್ಟೋ ಮಂದಿಗೆ ಧ್ವನಿಯೂ ಉಳಿಯುತ್ತದೆ. ಕ್ಯಾಮೆರಾವಿರುವ ಸಣ್ಣ ನಳಿಕೆಯಿಂದ ಮಾಡುವ ಪರೀಕ್ಷೆಗೆ ಕೆಲವೇ ನಿಮಿಷ ಸಾಕು.

ನಿಮ್ಮ ಮಗ ನಾಳೆ ದೊಡ್ಡ ನಿರೂಪಕನಾಗಲಿ. ಇಂದು ಮಾತ್ರ ಅವನನ್ನು ಎರಡು ದಿನ ಸುಮ್ಮನಿರಲು ಬಿಡಿ.