ಪ್ರಾಚೀನ ಸಾಗರವಿಜ್ಞಾನ

ಪ್ರಾಚೀನ ಸಾಗರವಿಜ್ಞಾನವು ಭೂಮಿಯ ಗತಕಾಲದ ಸಾಗರಗಳ ಉಷ್ಣತೆ, ಲವಣಾಂಶ, ಪ್ರವಾಹಗಳು ಹಾಗೂ ಜೀವಿಸಂಪತ್ತನ್ನು ಅಧ್ಯಯನ ಮಾಡುವ ಶಾಸ್ತ್ರ. ಇದು ಸಾಗರ ಭೂವಿಜ್ಞಾನದ ಒಂದು ಶಾಖೆ. ಸಮುದ್ರತಳದಲ್ಲಿ ಪದರಪದರವಾಗಿ ಸಂಚಯಗೊಂಡ ಹೂಳು ಇದರ ಮುಖ್ಯ ಆಕರ. ಮಳೆಮಾಪಕಗಳ ದಾಖಲೆ ಕೆಲವು ಶತಮಾನಗಳಿಗಿಂತ ಹಿಂದೆ ಹೋಗುವುದಿಲ್ಲವಾದ್ದರಿಂದ, ಮುಂಗಾರಿನ ದೀರ್ಘಕಾಲದ ಏರಿಳಿತವನ್ನು ತಿಳಿಯಲು ಇಂತಹ ನೈಸರ್ಗಿಕ ದಾಖಲೆಗಳು ಅಗತ್ಯ.

ನದಿ ಮತ್ತು ಹೂಳು

ದಕ್ಷಿಣ ಕನ್ನಡ ಜಿಲ್ಲೆಯ ಸುಳ್ಯ, ಕಡಬ ಮತ್ತು ಪುತ್ತೂರು ತಾಲೂಕುಗಳು ಪಶ್ಚಿಮ ಘಟ್ಟದ ಬುಡದಲ್ಲಿವೆ. ಈ ಜಿಲ್ಲೆಯ ವಾರ್ಷಿಕ ಸರಾಸರಿ ಮಳೆ ಸುಮಾರು 4,000 ಮಿ.ಮೀ. ಕುಮಾರಧಾರಾ ನದಿಯು ಸುಬ್ರಹ್ಮಣ್ಯದ ಮೂಲಕ ಹರಿದು ಉಪ್ಪಿನಂಗಡಿಯಲ್ಲಿ ನೇತ್ರಾವತಿಯನ್ನು ಸೇರುತ್ತದೆ. ನೇತ್ರಾವತಿಯು ಮಂಗಳೂರಿನ ಬಳಿ ಅರಬ್ಬೀ ಸಮುದ್ರವನ್ನು ಸೇರುತ್ತದೆ. ಸುಳ್ಯದ ಪಯಸ್ವಿನಿಯು ಕಾಸರಗೋಡಿನ ಕಡೆಗೆ ಹರಿದು ಚಂದ್ರಗಿರಿ ನದಿಯಾಗಿ ಕಡಲು ಸೇರುತ್ತದೆ. ಮಳೆಗಾಲದಲ್ಲಿ ಈ ನದಿಗಳು ಹೊತ್ತೊಯ್ಯುವ ಮುರಕಲ್ಲಿನ ಕೆಂಪು ಮಣ್ಣು ಕಡಲಿನ ಹೂಳಿನಲ್ಲಿ ಬೆರೆಯುತ್ತದೆ.

ವಿಧಾನಗಳು

ಹಡಗಿನಿಂದ ಉದ್ದನೆಯ ಕೊಳವೆಯನ್ನು ಸಮುದ್ರತಳಕ್ಕೆ ಇಳಿಸಿ ಹೂಳಿನ ಸ್ತಂಭವನ್ನು ಮೇಲೆತ್ತಲಾಗುತ್ತದೆ. ಸಾಮಾನ್ಯವಾಗಿ ಕೆಳಗಿನ ಪದರ ಹಳೆಯದು, ಮೇಲಿನದು ಹೊಸದು. ಸುಮಾರು 50,000 ವರ್ಷಗಳವರೆಗಿನ ಪದರಗಳ ಕಾಲವನ್ನು ರೇಡಿಯೋಕಾರ್ಬನ್ ವಿಧಾನದಿಂದ ನಿರ್ಧರಿಸಬಹುದು.

ಹೂಳಿನಲ್ಲಿರುವ ಫೊರಾಮಿನಿಫೆರಾ ಎಂಬ ಏಕಕೋಶ ಜೀವಿಗಳ ಸುಣ್ಣದ ಚಿಪ್ಪುಗಳು ಬಹುಮುಖ್ಯ ಸಾಕ್ಷ್ಯಗಳು. ನೀರು ಆವಿಯಾಗುವಾಗ ಹಗುರವಾದ ಆಕ್ಸಿಜನ್-16 ಹೆಚ್ಚಾಗಿ ಮೇಲೇರುತ್ತದೆ. ಹಿಮಯುಗದಲ್ಲಿ ಅದು ಮಂಜುಗಡ್ಡೆಯಲ್ಲಿ ಉಳಿದುಬಿಡುವುದರಿಂದ ಸಮುದ್ರದಲ್ಲಿಯೂ ಚಿಪ್ಪುಗಳಲ್ಲಿಯೂ ಆಕ್ಸಿಜನ್-18ರ ಪ್ರಮಾಣ ಹೆಚ್ಚುತ್ತದೆ. ಇದಕ್ಕೆ ವಿರುದ್ಧವಾಗಿ, ಹೆಚ್ಚು ಮಳೆ ಸುರಿದು ನದಿಯ ಸಿಹಿನೀರು ಕಡಲಿಗೆ ಬೆರೆತಾಗ ಕರಾವಳಿಯ ಚಿಪ್ಪುಗಳಲ್ಲಿ ಅದು ಕಡಿಮೆಯಾಗುತ್ತದೆ. ನೀರಿನ ಉಷ್ಣತೆಯೂ ಈ ಪ್ರಮಾಣವನ್ನು ಬದಲಿಸುವುದರಿಂದ, ಚಿಪ್ಪಿನ ಮೆಗ್ನೀಸಿಯಮ್ ಮತ್ತು ಕ್ಯಾಲ್ಸಿಯಮ್ ಅನುಪಾತದಿಂದ ಉಷ್ಣತೆಯನ್ನು ಪ್ರತ್ಯೇಕವಾಗಿ ಅಂದಾಜಿಸಲಾಗುತ್ತದೆ. ಒಂದೇ ಸೂಚಕವನ್ನು ನಂಬಿ ಮಳೆಯ ಪ್ರಮಾಣವನ್ನು ನಿರ್ಣಯಿಸುವುದು ಸರಿಯಲ್ಲ.

ಇತಿಹಾಸ

ಆಕ್ಸಿಜನ್ ಐಸೋಟೋಪುಗಳಿಂದ ಪುರಾತನ ಉಷ್ಣತೆಯನ್ನು ಅಳೆಯುವ ಸಾಧ್ಯತೆಯನ್ನು ಹೆರಾಲ್ಡ್ ಯೂರಿ 1947ರಲ್ಲಿ ಸೂಚಿಸಿದರು. 1955ರಲ್ಲಿ ಚೆಸಾರೆ ಎಮಿಲಿಯಾನಿ ಅದನ್ನು ಸಮುದ್ರದ ಹೂಳಿಗೆ ಅನ್ವಯಿಸಿದರು. ಭೂಕಕ್ಷೆಯ ನಿಧಾನವಾದ ಬದಲಾವಣೆಗಳು ಹಿಮಯುಗಗಳ ಗತಿಯನ್ನು ನಿರ್ಧರಿಸುತ್ತವೆ ಎಂಬುದಕ್ಕೆ 1976ರಲ್ಲಿ ಹೇಸ್, ಇಂಬ್ರಿ ಮತ್ತು ಶ್ಯಾಕಲ್ಟನ್ ಇದೇ ಬಗೆಯ ಹೂಳಿನಿಂದ ಆಧಾರ ನೀಡಿದರು.

ಕರ್ನಾಟಕ ಮತ್ತು ಅರಬ್ಬೀ ಸಮುದ್ರದಲ್ಲಿ

ಗೋವಾದ ರಾಷ್ಟ್ರೀಯ ಸಾಗರವಿಜ್ಞಾನ ಸಂಸ್ಥೆಯು 1966ರಲ್ಲಿ ಸ್ಥಾಪನೆಯಾಯಿತು. ಅದರ ವಿಜ್ಞಾನಿಗಳು ಕಾಳಿ ನದಿ ಕಡಲು ಸೇರುವ ಕಾರವಾರದ ಸಮೀಪದ ಹೂಳಿನಲ್ಲಿ ಫೊರಾಮಿನಿಫೆರಾಗಳನ್ನು ಪರೀಕ್ಷಿಸಿ, ಸುಮಾರು 77 ವರ್ಷಗಳ ಬರಗಾಲದ ಆವರ್ತನೆಯನ್ನು 1995ರಲ್ಲಿ ಪ್ರತಿಪಾದಿಸಿದರು. ಮಂಗಳೂರು ವಿಶ್ವವಿದ್ಯಾನಿಲಯದಲ್ಲಿ ಸಾಗರ ಭೂವಿಜ್ಞಾನ ವಿಭಾಗವಿದೆ. ಇಲ್ಲಿನ ಸಂಶೋಧಕರು ಒಳನಾಡಿನ ಕೆರೆಗಳನ್ನೂ ಅಧ್ಯಯನ ಮಾಡಿದ್ದು, ಚಿತ್ರದುರ್ಗದ ತಿಮ್ಮಣ್ಣನಾಯಕನಕೆರೆಯ ಹೂಳಿನ ಕಾಂತೀಯ ಗುಣಗಳಿಂದ ಸುಮಾರು 3,700 ವರ್ಷಗಳ ಮುಂಗಾರಿನ ಏರಿಳಿತವನ್ನು ಗುರುತಿಸಿದರು. 2015ರಲ್ಲಿ ಅಂತರರಾಷ್ಟ್ರೀಯ ಯಾನವೊಂದು ಅರಬ್ಬೀ ಸಮುದ್ರದ ಲಕ್ಷ್ಮೀ ಜಲಾನಯನದಲ್ಲಿ ತಳದಿಂದ 1,100 ಮೀಟರಿಗೂ ಹೆಚ್ಚು ಆಳಕ್ಕೆ ಕೊರೆಯಿತು.

ಮಹತ್ವ

ಸುಮಾರು 20,000 ವರ್ಷಗಳ ಹಿಂದೆ ಸಮುದ್ರಮಟ್ಟ ಇಂದಿಗಿಂತ ಸುಮಾರು 120 ಮೀಟರು ಕೆಳಗಿತ್ತು. ಆಗ ಕರಾವಳಿಯ ಅಂಚು ಇಂದಿನ ಮಂಗಳೂರಿನಿಂದ ಬಹಳ ಪಶ್ಚಿಮಕ್ಕಿತ್ತು. ಹವಾಮಾನದ ಗಣಕ ಮಾದರಿಗಳು ಗತಕಾಲದ ಇಂತಹ ಸ್ಥಿತಿಗಳನ್ನು ಸರಿಯಾಗಿ ತೋರಿಸುತ್ತವೆಯೇ ಎಂದು ಪರೀಕ್ಷಿಸಲು ಹೂಳಿನ ದಾಖಲೆಗಳು ನೆರವಾಗುತ್ತವೆ. ಅಡಿಕೆ ಬೆಳೆಯನ್ನು ಅವಲಂಬಿಸಿದ ಪುತ್ತೂರು, ಸುಳ್ಯ ಮತ್ತು ಕಡಬದಂತಹ ಪ್ರದೇಶಗಳಿಗೆ ಮುಂಗಾರಿನ ಮುನ್ನಂದಾಜು ಎಷ್ಟು ವಿಶ್ವಾಸಾರ್ಹವೆಂಬುದು ಅಂತಹ ಪರೀಕ್ಷೆಯನ್ನೂ ಅವಲಂಬಿಸಿದೆ.